ನಗೆಯ ಕಂತಿನಿಂದ ಬೆಳ್ಳಿತೆರೆಗೆ

ಮಗನೋ ಮಗಳೋ 'ಹಾಸ್ಯ ಬರೆದು ಬದುಕುತ್ತೇನೆ' ಎಂದರೆ ಹೆತ್ತವರಿಗೆ ಆತಂಕ ಸಹಜ. ಬಸವಕಲ್ಯಾಣ, ಹುಮನಾಬಾದಿನಂಥ ಊರುಗಳಿಗಂತೂ ಬೆಂಗಳೂರಿನ ಚಿತ್ರರಂಗ ಬಲು ದೂರ. ಆದರೆ ಕಿರುತೆರೆಯ ಮೂಲಕ ಅಲ್ಲಿಗೊಂದು ದಾರಿ ಇದೆ ಎಂಬುದಕ್ಕೆ ನಿರ್ದೇಶಕ ವಿಜಯ ಪ್ರಸಾದ್ ಒಳ್ಳೆಯ ನಿದರ್ಶನ.

ಈಟಿವಿ ಕನ್ನಡದಲ್ಲಿ ಮನೆಮಾತಾಗಿದ್ದ 'ಸಿಲ್ಲಿ ಲಲ್ಲಿ' ಹಾಸ್ಯ ಧಾರಾವಾಹಿಯಿಂದ ಹೆಸರಾದ ಅವರು 2012ರಲ್ಲಿ 'ಸಿದ್ಲಿಂಗು' ಚಿತ್ರ ಬರೆದು ನಿರ್ದೇಶಿಸಿದರು. 2016ರಲ್ಲಿ ಜಗ್ಗೇಶ್ ಅಭಿನಯದ 'ನೀರ್ ದೋಸೆ' ಬಂತು.

ಎರಡೂ ಕಡೆ ನಗೆಯೇ ಇದ್ದರೂ ಕಸುಬು ಬೇರೆ. ಧಾರಾವಾಹಿಯಲ್ಲಿ ಲಲಿತಾಂಬ, ಡಾಕ್ಟರ್ ವಿಠಲ್ ರಾವ್ ಇವರ ಸ್ವಭಾವ ಬದಲಾಗದು. ಅವರ ಮುಂದೆ ಪ್ರತಿ ಸಲ ಹೊಸ ಪೇಚು ತಂದಿಟ್ಟರೆ ಸಾಕು. ಸಿನಿಮಾದಲ್ಲಿ ಹಾಗಲ್ಲ. 'ಸಿದ್ಲಿಂಗು' ನಾಯಕನಿಗೆ ಹಳೆಯ ಕಾರೊಂದರ ಹುಚ್ಚು. ಆ ಒಂದೇ ಆಸೆ ಇಡೀ ಕಥೆಯನ್ನು ಎಳೆಯುತ್ತದೆ. ನಗುತ್ತ ಕುಳಿತವರಿಗೆ ಕೊನೆಗೆ ನೋವೂ ತಟ್ಟುತ್ತದೆ. ಗಡುವಿನೊಳಗೆ ಬರೆಯುವ ಶಿಸ್ತನ್ನು ಕಿರುತೆರೆ ಕಲಿಸಿದರೆ, ಕಥೆಯನ್ನು ದಡ ಮುಟ್ಟಿಸುವ ಜಾಣ್ಮೆಯನ್ನು ಸಿನಿಮಾ ಕೇಳುತ್ತದೆ.

ಇನ್ನು ಬರೆಯುವ ಸರಕಿಗೆ ಗಡಿನಾಡಿನಲ್ಲಿ ಬರವೇ? ಹುಮನಾಬಾದಿನ ಬಸ್ ನಿಲ್ದಾಣದಲ್ಲಿ, ಬಸವಕಲ್ಯಾಣದ ಸಂತೆಯಲ್ಲಿ ಕಿವಿಗೊಟ್ಟು ನಿಂತರೆ ಕನ್ನಡ, ಮರಾಠಿ, ಉರ್ದು ಬೆರೆತ ಮಾತೇ ಸಂಭಾಷಣೆಯ ಪಾಠ. ಕಾಲೇಜು ವಾರ್ಷಿಕೋತ್ಸವಕ್ಕೆ ಹತ್ತು ನಿಮಿಷದ ಪ್ರಹಸನ ಬರೆಯುವುದು ಮೊದಲ ಮೆಟ್ಟಿಲಾಗಬಹುದು.

ಈ ರಂಗದಲ್ಲಿ ತಿಂಗಳ ಸಂಬಳದ ಭರವಸೆಯಿಲ್ಲ. ಆದ್ದರಿಂದ ಪದವಿ ಓದನ್ನು ವಿದ್ಯಾರ್ಥಿಗಳು ಕೈಬಿಡಬಾರದು. ಮಕ್ಕಳ ಕೈಯಲ್ಲಿನ ಲೇಖನಿಯನ್ನು ಪಾಲಕರು ಕಸಿಯಬಾರದು.