ಗಂಟಿಲ್ಲದ ಮುದ್ದೆ

ಜಪಾನಿಗೆ ಹೋದ ಪ್ರವಾಸಿಗರು ಹಣ ತೆತ್ತು ಸುಶಿ ಕಟ್ಟುವುದನ್ನು ಕಲಿಯುವುದುಂಟು. ನಮಗೆ ಅಂಥದೇ ಪಾಠ ದೊರೆತದ್ದು ಚಳ್ಳಕೆರೆ ತಾಲ್ಲೂಕಿನಲ್ಲಿ, ವರವು ಕಾವಲಿನ ಬದಿಯ ಹಳ್ಳಿಯೊಂದರಲ್ಲಿ. ಹಿಂದೆ ಅಮೃತಮಹಲ್ ದನಗಳ ಮೇವಿಗೆ ಮೀಸಲಾಗಿದ್ದ ಹುಲ್ಲುಗಾವಲಿದು. ಮಳೆ ಕಡಮೆಯಾದ ಈ ಸೀಮೆಯಲ್ಲಿ ಊಟವೆಂದರೆ ರಾಗಿಯ ಮುದ್ದೆ.

ಕುದಿಯುವ ಎಸರಿಗೆ ಹಿಟ್ಟನ್ನೆಲ್ಲ ಸುರಿದು ಅವಸರದಿಂದ ತೊಳಸಿದೆವು. ಎಲ್ಲವೂ ಗಂಟುಗಂಟಾಯಿತು. "ಹಿಟ್ಟು ಕೆಟ್ಟರೆ ಒಪ್ಪತ್ತಿನ ಊಟವೇ ಕೆಟ್ಟಂಗಪ್ಪಾ" ಎಂದರು ಮನೆಯ ಅಜ್ಜಿ.

ಹೀಗೇಕಾಯಿತು? ಸುಮಾರು 65ರಿಂದ 70 ಡಿಗ್ರಿ ಸೆಂಟಿಗ್ರೇಡ್ ಉಷ್ಣತೆಯಲ್ಲಿ ಪಿಷ್ಟದ ಕಣಗಳು ನೀರು ಹೀರಿ ಉಬ್ಬಿ ಅಂಟಾಗುತ್ತವೆ. ಹಿಟ್ಟಿನ ಉಂಡೆಯ ಹೊರಮೈ ಮೊದಲೇ ಬೆಂದು ಅಂಟಿನ ಪೊರೆಯಾದರೆ ಒಳಗಿನ ಹಿಟ್ಟಿಗೆ ನೀರು ತಲಪದು, ಅದೇ ಗಂಟು. ಗೋಧಿಯಲ್ಲಿರುವ ಗ್ಲೂಟೆನ್ ರಾಗಿಯಲ್ಲಿಲ್ಲ. ಮುದ್ದೆಯನ್ನು ಹಿಡಿದಿಡುವುದು ಈ ಪಿಷ್ಟವೇ. ಸುಶಿಯ ಅನ್ನ ಅಂಟಿಕೊಳ್ಳುವುದೂ ಪಿಷ್ಟದಿಂದಲೇ.

ಅಜ್ಜಿಯ ಕ್ರಮ ಬೇರೆ. ಮೊದಲು ಸ್ವಲ್ಪ ಹಿಟ್ಟನ್ನು ತಣ್ಣೀರಿನಲ್ಲಿ ಕದಡಿ ಎಸರಿಗೆ ಬೆರೆಸಿದರು. ಎಸರು ಉಕ್ಕಿದಾಗ ಉಳಿದ ಹಿಟ್ಟನ್ನು ನಡುವೆ ಗುಡ್ಡೆಯಾಗಿ ಹಾಕಿ, ಕಲಕದೆ, ಸಣ್ಣ ಉರಿಯಲ್ಲಿ ಬಿಟ್ಟರು. ಹಬೆ ಒಳಹೊಕ್ಕು ಹಿಟ್ಟು ಬೆಂದ ಮೇಲೆಯೇ ಕೋಲು ಹಿಡಿದು ಬಲವಾಗಿ ತಿರುವಿದರು.

ಕಟ್ಟುವ ಸರದಿ ನಮ್ಮದು. ಒಣಗೈಗೆ ಮುದ್ದೆ ಮೆತ್ತಿಕೊಂಡಿತು. ಕೈ ಒದ್ದೆಮಾಡಿಕೊಂಡರೆ ನುಣ್ಣಗೆ ಉರುಳಿತು. ನೀರಿನ ತೆಳುಪದರವು ಅಂಟನ್ನು ಕೈಯಿಂದ ದೂರವಿಡುತ್ತದೆ. ಸುಶಿ ಕಟ್ಟುವವರೂ ಹುಳಿನೀರಿನಲ್ಲಿ ಕೈ ಅದ್ದಿಕೊಳ್ಳುವುದು ಇದಕ್ಕಾಗಿಯೇ.

ನೂರು ಗ್ರಾಂ ರಾಗಿಯಲ್ಲಿ ಸುಮಾರು 350 ಮಿಲಿಗ್ರಾಂ ಕ್ಯಾಲ್ಸಿಯಂ ಇದೆ. ಅಕ್ಕಿಯಲ್ಲಿ ಅದು ಅತ್ಯಲ್ಪ. ಇಂಥ ಧಾನ್ಯವನ್ನು ಚೆಲ್ಲಲುಂಟೆ? ನಾವು ಕೆಡಿಸಿದ ಹಿಟ್ಟನ್ನು ಅಜ್ಜಿ ನೀರಿನಲ್ಲಿ ಕಿವುಚಿ, ಮತ್ತೆ ಬೇಯಿಸಿ, ಆರಿದ ಮೇಲೆ ಮಜ್ಜಿಗೆ ಬೆರೆಸಿ ಅಂಬಲಿ ಮಾಡಿದರು. ಅದನ್ನು ಕುಡಿದೇ ನಾವು ಹೊರಟೆವು.