ಕಠಾರಿ ಎಲ್ಲಿ ಹೋಯಿತು?

ಕೊಲೆ ಮಾಡಿದವನು ‘ನಾನಲ್ಲ’ ಎನ್ನುವುದು ಲೋಕರೂಢಿ. ಒಂದೇ ಸಾವನ್ನು ಮೂವರು ತಮ್ಮ ಮೇಲೇ ಎಳೆದುಕೊಂಡರೆ? ಅವರಲ್ಲೊಬ್ಬ ಸತ್ತವನೇ ಆಗಿದ್ದರೆ?

1950ರಲ್ಲಿ ತೆರೆಕಂಡ ಅಕಿರಾ ಕುರೊಸಾವಾ ಅವರ ‘ರಾಶೊಮಾನ್’ ಚಿತ್ರದ ಕಥೆಯೇ ಇದು. ಅಕುತಗಾವಾ ಅವರ ಎರಡು ಸಣ್ಣ ಕತೆಗಳನ್ನು ಹೆಣೆದು ಮಾಡಿದ, 88 ನಿಮಿಷಗಳ ಪುಟ್ಟ ಚಿತ್ರ. 1951ರಲ್ಲಿ ವೆನಿಸ್ ಚಿತ್ರೋತ್ಸವದ ‘ಗೋಲ್ಡನ್ ಲಯನ್’ ಪಡೆದು, ಜಪಾನಿ ಸಿನಿಮಾದತ್ತ ಜಗತ್ತು ತಿರುಗಿ ನೋಡುವಂತೆ ಮಾಡಿತು.

ಕ್ಯೋಟೊದ ಪಾಳುಬಿದ್ದ ಹೆಬ್ಬಾಗಿಲು. ಧೋ ಎಂದು ಮಳೆ. ಬೂದು ಆಕಾಶದೆದುರು ಹನಿ ಕಾಣಿಸದೆಂದು ನೀರಿಗೆ ಕಪ್ಪು ಮಸಿ ಬೆರೆಸಿ ಸುರಿಸಿದ್ದರು. ಬಾಗಿಲಡಿ ಒಬ್ಬ ಸೌದೆ ಕಡಿಯುವವ, ಒಬ್ಬ ಭಿಕ್ಷು, ಒಬ್ಬ ದಾರಿಹೋಕ. ಕಾಡಿನಲ್ಲಿ ಸತ್ತ ಸಮುರಾಯ್‌ನ ವಿಚಾರಣೆಯ ಮಾತು. ಕತ್ತಿಕಾಳಗದಲ್ಲಿ ಕೊಂದೆನೆನ್ನುತ್ತಾನೆ ದರೋಡೆಕೋರ. ತನ್ನ ಕೈಯ ಕಠಾರಿಯಿಂದಲೇ ಆಯಿತೆಂಬ ಧಾಟಿ ಹೆಂಡತಿಯದು. ಆತ್ಮಹತ್ಯೆ ಮಾಡಿಕೊಂಡೆನೆಂದು ಮೈಮೇಲೆ ಬರುವವಳ ಬಾಯಲ್ಲಿ ಹೇಳುತ್ತಾನೆ ಸತ್ತವನು!

‘ಸತ್ಯಕ್ಕೆ ಹಲವು ಮುಖ’ ಎಂದು ಈ ಚಿತ್ರದ ಬಗ್ಗೆ ಹೇಳುವುದುಂಟು. ವಿಜ್ಞಾನದ ಮೇಷ್ಟರಾದ ನನಗೆ ಅದು ಪೂರ್ತಿ ಒಪ್ಪಿಗೆಯಿಲ್ಲ. ಲೋಲಕದ ಪ್ರಯೋಗದಲ್ಲಿ ನಾಲ್ವರು ಹುಡುಗರಿಗೆ ನಾಲ್ಕು ಅಳತೆ ಬಂದರೆ ಸರಾಸರಿ ತೆಗೆಯಬಹುದು. ಬರಬೇಕಾದ ಉತ್ತರ ತಿಳಿದುಕೊಂಡು ಅದಕ್ಕೆ ತಕ್ಕ ಅಂಕಿ ಬರೆದ ಹುಡುಗನಿಗೆ ಸರಾಸರಿಯಲ್ಲಿ ಮದ್ದಿಲ್ಲ. ಈ ಮೂವರದೂ ಅದೇ ರೋಗ. ಅವರು ಹೆದರಿದ್ದು ಶಿಕ್ಷೆಗಲ್ಲ, ತಮ್ಮ ಕಣ್ಣಲ್ಲೇ ತಾವು ಸಣ್ಣವರಾಗುವುದಕ್ಕೆ.

ಸೌದೆಯವನೂ ಸಾಚಾ ಅಲ್ಲ. ಬರೀ ಹೆಣ ಕಂಡೆನೆಂದು ವಿಚಾರಣೆಯಲ್ಲಿ ಹೇಳಿದವನು, ಎಲ್ಲವನ್ನೂ ಕಣ್ಣಾರೆ ನೋಡಿದ್ದನ್ನು ಬಾಗಿಲಡಿ ಬಾಯಿಬಿಡುತ್ತಾನೆ. ‘ಹಾಗಾದರೆ ಆ ಬೆಲೆಬಾಳುವ ಕಠಾರಿ ಎಲ್ಲಿ?’ ಎಂದು ದಾರಿಹೋಕ ಕೇಳಿದಾಗ ಮಾತು ನಿಲ್ಲುತ್ತದೆ. ಕದ್ದವನು ಅವನೇ. ತಕಾಶಿ ಶಿಮುರಾ ಅವರ ತಗ್ಗಿದ ತಲೆಯೇ ತಪ್ಪೊಪ್ಪಿಗೆ.

ಅಷ್ಟರಲ್ಲಿ ಅಲ್ಲೇ ಯಾರೋ ಬಿಟ್ಟುಹೋದ ಹಸುಗೂಸಿನ ಅಳು. ದಾರಿಹೋಕ ಅದರ ಬಟ್ಟೆಯನ್ನೂ ದೋಚಿ ನಡೆಯುತ್ತಾನೆ. ಸೌದೆಯವನು ಕೈ ಚಾಚಿದರೆ ಭಿಕ್ಷು ಬೆದರಿ ಹಿಂದೆ ಸರಿಯುತ್ತಾನೆ. ‘ಮನೆಯಲ್ಲಿ ಆರು ಮಕ್ಕಳಿವೆ, ಇನ್ನೊಂದು ಹೆಚ್ಚೇನಲ್ಲ’ ಎನ್ನುತ್ತಾನೆ ಇವನು. ಭಿಕ್ಷು ಕೂಸನ್ನು ಕೊಡುತ್ತಾನೆ.

ಕಳ್ಳನೆಂದು ಗೊತ್ತಾದ ಮೇಲೆ ಕೊಟ್ಟದ್ದು! ನಮ್ಮ ಪ್ರಯೋಗಶಾಲೆಯಲ್ಲಿ ಪುರಾವೆ ಮೊದಲು, ನಂಬಿಕೆ ಆಮೇಲೆ. ಮನುಷ್ಯರ ನಡುವೆ ಕೆಲವೊಮ್ಮೆ ನಂಬಿಕೆಯೇ ಮುಂದೆ ಹೋಗಬೇಕಾಗುತ್ತದೆ. ಹೊರಗೆ ಮಳೆ ನಿಂತಿರುತ್ತದೆ.