‘ಅದಕ್ಕೇನು ಆಧಾರ?’ – ಕೊನೆಯಿಲ್ಲದ ಪ್ರಶ್ನೆಗೆ ನಾವು ಹೇಗೆ ಉತ್ತರಿಸೋಣ?

ಭಾನುವಾರದ ಧರ್ಮಶಿಕ್ಷಣ ತರಗತಿಯಲ್ಲಿ ಪಾಠ ಮಾಡಿದವರಿಗೆಲ್ಲ ಒಂದು ಪ್ರಶ್ನೆ ಚೆನ್ನಾಗಿ ಪರಿಚಯವಿದೆ. ಲೋಕವನ್ನು ದೇವರು ಸೃಷ್ಟಿಸಿದರು ಎಂದು ಹೇಳಿ ಮುಗಿಸುವಷ್ಟರಲ್ಲಿ ಹಿಂದಿನ ಬೆಂಚಿನಿಂದ ಒಂದು ಕೈ ಮೇಲೇಳುತ್ತದೆ. “ಟೀಚರ್, ಹಾಗಾದರೆ ದೇವರನ್ನು ಸೃಷ್ಟಿಸಿದ್ದು ಯಾರು?” ತರಗತಿಯಲ್ಲಿ ನಗು. ಪಾಠ ಮಾಡುವವರ ಮುಖದಲ್ಲಿ ಸಣ್ಣ ಗಲಿಬಿಲಿ. ಗಂಟೆ ಹೊಡೆದರೆ ಸಾಕು ಎಂಬ ಆಸೆ. ಕೊನೆಗೆ ನಮ್ಮಲ್ಲಿ ಹಲವರು ಕೊಡುವ ಉತ್ತರ ಒಂದೇ: “ಹಾಗೆಲ್ಲ ಕೇಳಬಾರದು.”

ಆದರೆ ಮಗು ಕೇಳಿದ್ದು ಉದ್ಧಟತನದ ಪ್ರಶ್ನೆಯಲ್ಲ. ಸುಮಾರು 2,300 ವರ್ಷಗಳಿಂದ ತತ್ವಶಾಸ್ತ್ರಜ್ಞರು ಕೇಳುತ್ತ ಬಂದಿರುವ ಪ್ರಶ್ನೆ ಅದು. ಅದೇ ಮಗು ಬೆಳೆದು ಕಾಲೇಜಿಗೆ ಹೋದಾಗ ಇನ್ನೊಂದು ರೂಪದಲ್ಲಿ ಕೇಳುತ್ತದೆ: “ನೀವು ನಂಬುವುದಕ್ಕೆ ಏನು ಆಧಾರ? ಆ ಆಧಾರಕ್ಕೆ ಏನು ಆಧಾರ?” ಆಗ ಗದರಿಸಿ ಸುಮ್ಮನಾಗಿಸಲು ಆಗುವುದಿಲ್ಲ. ಆದ್ದರಿಂದ ಈ ಪ್ರಶ್ನೆಯ ಒಳಗೇನಿದೆ ಎಂದು ನಾವು ಸ್ವಲ್ಪ ತಾಳ್ಮೆಯಿಂದ ನೋಡೋಣ.

ಒಂದು ಪ್ರಮಾಣ ಪತ್ರದ ಕಥೆ

ಮದುವೆ ನಿಶ್ಚಯವಾದಾಗ ನಾವು ಚರ್ಚ್ ಕಚೇರಿಗೆ ಹೋಗಿ ಜ್ಞಾನಸ್ನಾನದ ಪ್ರಮಾಣ ಪತ್ರ ಕೇಳುತ್ತೇವೆ. ಆ ಪತ್ರವನ್ನು ಏಕೆ ನಂಬಬೇಕು? ಧರ್ಮಕೇಂದ್ರದ ದಾಖಲೆ ಪುಸ್ತಕದಿಂದ ಅದನ್ನು ಬರೆದು ಕೊಟ್ಟಿದ್ದಾರೆ. ಪುಸ್ತಕವನ್ನು ಏಕೆ ನಂಬಬೇಕು? ಅಂದಿನ ಧರ್ಮಗುರುಗಳು ಅದರಲ್ಲಿ ಬರೆದು ಸಹಿ ಮಾಡಿದ್ದಾರೆ. ಅವರ ಮಾತನ್ನು ಏಕೆ ನಂಬಬೇಕು? ಅವರೇ ಜ್ಞಾನಸ್ನಾನ ಕೊಟ್ಟವರು, ಜ್ಞಾನ ತಂದೆತಾಯಿ ಪಕ್ಕದಲ್ಲಿ ನಿಂತು ಕಣ್ಣಾರೆ ನೋಡಿದ್ದಾರೆ.

ಇಲ್ಲಿ ಗಮನಿಸಬೇಕಾದ ವಿಷಯ ಒಂದಿದೆ. ಕಾಗದಕ್ಕೆ ಇನ್ನೊಂದು ಕಾಗದ, ಅದಕ್ಕೆ ಮತ್ತೊಂದು ಕಾಗದ ಎಂದು ಸರಪಳಿ ಮುಂದುವರಿಯುತ್ತಲೇ ಇರುವುದಿಲ್ಲ. ಒಂದು ಕಡೆ ಕಾಗದ ಮುಗಿದು, ಕಣ್ಣಿಂದ ಕಂಡ ಘಟನೆ ಸಿಗುತ್ತದೆ. ಸಾಮಾನ್ಯ ಜೀವನಕ್ಕೆ ಅಷ್ಟು ಸಾಕು. ಆದರೆ ಹಟಹಿಡಿದವನು ಅಲ್ಲಿಗೂ ನಿಲ್ಲುವುದಿಲ್ಲ. “ಕಣ್ಣು ಮೋಸ ಹೋಗುವುದಿಲ್ಲ ಎಂಬುದಕ್ಕೆ ಏನು ಆಧಾರ?” ಎನ್ನುತ್ತಾನೆ. ನಿಜವಾದ ಕಷ್ಟ ಆರಂಭವಾಗುವುದು ಇಲ್ಲಿಂದ.

ಮೂರೇ ದಾರಿ

ಗ್ರೀಸಿನ ಅರಿಸ್ಟಾಟಲ್ ಕ್ರಿಸ್ತಪೂರ್ವ 4ನೇ ಶತಮಾನದಲ್ಲೇ ಈ ಕಷ್ಟವನ್ನು ಗುರುತಿಸಿದ್ದರು. ಎಲ್ಲವನ್ನೂ ಸಾಧಿಸಿ ತೋರಿಸಬೇಕು ಎಂದರೆ ಸಾಧನೆ ಎಂದೂ ಮುಗಿಯದು, ಆದ್ದರಿಂದ ಸಾಧಿಸದೆಯೇ ತಿಳಿಯಬಹುದಾದ ಕೆಲವು ಮೂಲ ತತ್ವಗಳು ಇರಲೇಬೇಕು ಎಂಬುದು ಅವರ ಉತ್ತರ. ನಂತರ ಬಂದ ಸಂದೇಹವಾದಿಗಳು ಇದನ್ನು ಒಪ್ಪಲಿಲ್ಲ. ಅಗ್ರಿಪ್ಪ ಎಂಬವರ ಹೆಸರಿನಲ್ಲಿ ಐದು ವಾದಗಳು ಉಳಿದು ಬಂದಿವೆ. ಸೆಕ್ಸ್ಟಸ್ ಎಂಪಿರಿಕಸ್ ಅವನ್ನು ವಿವರಿಸಿದ್ದಾರೆ. ಅವುಗಳಲ್ಲಿ ಮೂರು ನಮ್ಮ ವಿಷಯಕ್ಕೆ ಸಂಬಂಧಿಸಿದವು.

ಯಾವುದೇ ಮಾತಿಗೆ ಆಧಾರ ಕೇಳುತ್ತಾ ಹೋದರೆ ಮೂರರಲ್ಲಿ ಒಂದು ಆಗುತ್ತದೆ. ಒಂದು, ಆಧಾರಗಳ ಸಾಲು ಕೊನೆಯಿಲ್ಲದೆ ಹಿಂದೆ ಹಿಂದೆ ಹೋಗುತ್ತದೆ. ಎರಡು, ಸುತ್ತಿ ಬಂದು ಮೊದಲಿನ ಮಾತಿಗೇ ಸೇರುತ್ತದೆ. ಮೂರು, ಒಂದು ಕಡೆ ಆಧಾರ ಕೊಡದೆ ನಿಂತುಬಿಡುತ್ತದೆ. ಮೂರೂ ತೃಪ್ತಿ ಕೊಡುವುದಿಲ್ಲ, ಆದ್ದರಿಂದ ಯಾವುದನ್ನೂ ಖಚಿತವಾಗಿ ಹೇಳಬೇಡಿ ಎಂದು ಅವರು ವಾದಿಸಿದರು. 1968ರಲ್ಲಿ ಜರ್ಮನಿಯ ಹಾನ್ಸ್ ಆಲ್ಬರ್ಟ್ ಇದೇ ಇಕ್ಕಟ್ಟಿಗೆ ಮುಂಚೌಸೆನ್ ಎಂಬ ಕಥಾನಾಯಕನ ಹೆಸರಿಟ್ಟರು. ಕೆಸರಿನಲ್ಲಿ ಹೂತುಹೋಗಿದ್ದಾಗ ತನ್ನ ಜುಟ್ಟನ್ನು ತಾನೇ ಹಿಡಿದೆಳೆದು, ಕುದುರೆ ಸಮೇತ ಮೇಲೆ ಬಂದೆ ಎಂದು ಬಡಾಯಿ ಕೊಚ್ಚಿಕೊಂಡವನು ಆತ.

ನಮ್ಮ ನೆಲದಲ್ಲೂ ಇದೇ ಚರ್ಚೆ

ಇದು ಪಶ್ಚಿಮ ದೇಶಗಳ ತಲೆನೋವು ಮಾತ್ರ ಎಂದು ನಾವು ಭಾವಿಸಬೇಕಾಗಿಲ್ಲ. ಭಾರತದ ತರ್ಕಶಾಸ್ತ್ರದಲ್ಲಿ ಕೊನೆಯಿಲ್ಲದ ಸಾಲಿಗೆ ‘ಅನವಸ್ಥಾ ದೋಷ’ ಎಂದೂ, ಒಂದಕ್ಕೊಂದು ಆತುಕೊಂಡಿರುವುದಕ್ಕೆ ‘ಅನ್ಯೋನ್ಯಾಶ್ರಯ’ ಎಂದೂ ಹೆಸರಿದೆ. ಬೌದ್ಧ ಚಿಂತಕ ನಾಗಾರ್ಜುನರು ಈ ಅಸ್ತ್ರವನ್ನು ಪ್ರಮಾಣಗಳ ಮೇಲೆಯೇ ಪ್ರಯೋಗಿಸಿದರು: ಪ್ರಮಾಣದಿಂದ ವಸ್ತು ಸಿದ್ಧವಾಗುವುದಾದರೆ, ಪ್ರಮಾಣ ಸಿದ್ಧವಾಗುವುದು ಯಾವುದರಿಂದ?

ನ್ಯಾಯ ದರ್ಶನದವರ ಉತ್ತರ ವ್ಯವಹಾರಕ್ಕೆ ಹತ್ತಿರವಾದದ್ದು. ದೂರದಲ್ಲಿ ನೀರು ಕಾಣುತ್ತದೆ. ಹೋಗಿ ಕುಡಿದರೆ ಬಾಯಾರಿಕೆ ತಣಿಯುತ್ತದೆ. ಆದ್ದರಿಂದ ಕಂಡದ್ದು ಸರಿ. ಹಾಗೆಂದು ಪ್ರತಿಯೊಂದು ಅರಿವನ್ನೂ ಪರೀಕ್ಷಿಸುತ್ತಾ ಕೂರಬೇಕಾಗಿಲ್ಲ. ಸಂಶಯ ಹುಟ್ಟಿದಾಗ ಪರೀಕ್ಷಿಸಿದರೆ ಸಾಕು. ಮೀಮಾಂಸಕರು ಇದನ್ನು ಒಪ್ಪದೆ, ಅರಿವು ತಾನಾಗಿಯೇ ಪ್ರಮಾಣ, ತಪ್ಪೆಂದು ತೋರಿಬಂದಾಗ ಮಾತ್ರ ಬಿಡಬೇಕು ಎಂದರು.

13ನೇ ಶತಮಾನದಲ್ಲಿ ನಮ್ಮ ಕರಾವಳಿಯ ಉಡುಪಿಯ ಮಧ್ವಾಚಾರ್ಯರು ಈ ಚರ್ಚೆಗೆ ‘ಸಾಕ್ಷಿ’ ಎಂಬ ವಿಚಾರವನ್ನು ತಂದರು. ಅರಿವನ್ನೂ ಅದು ಸರಿಯೆಂಬುದನ್ನೂ ಒಳಗಿನಿಂದಲೇ ಗ್ರಹಿಸುವ ಶಕ್ತಿ ಆತ್ಮದಲ್ಲಿದೆ. ಅದರ ತೀರ್ಮಾನಕ್ಕೆ ಇನ್ನೊಂದು ಸಾಕ್ಷಿ ಬೇಕಿಲ್ಲ, ಇಲ್ಲವಾದರೆ ಅನವಸ್ಥೆ ತಪ್ಪದು ಎಂಬುದು ಅವರ ನಿಲುವು. ಅದೇ ಶತಮಾನದಲ್ಲಿ ಇಟಲಿ ಮತ್ತು ಫ್ರಾನ್ಸಿನಲ್ಲಿ ಪಾಠ ಮಾಡುತ್ತಿದ್ದ ಸಂತ ಥಾಮಸ್ ಅಕ್ವಿನಾಸರೂ ಕೊನೆಯಿಲ್ಲದ ಸಾಲಿನ ಪ್ರಶ್ನೆಯೊಂದಿಗೆ ಸೆಣಸುತ್ತಿದ್ದರು. ಒಬ್ಬರ ಪರಿಚಯ ಇನ್ನೊಬ್ಬರಿಗಿರಲಿಲ್ಲ. ಇಬ್ಬರ ಉತ್ತರಗಳೂ ಬೇರೆ. ಆದರೂ ಇಬ್ಬರ ಮುಂದೆಯೂ ಇದ್ದದ್ದು ಒಂದೇ ಬಗೆಯ ಕಷ್ಟ ಎಂಬುದು ಯೋಚಿಸಬೇಕಾದ ಸಂಗತಿ.

ಎಲ್ಲ ಸಾಲೂ ದೋಷವಲ್ಲ

ಕೊನೆಯಿಲ್ಲದ್ದೆಲ್ಲ ದೋಷ ಎಂದು ಹೇಳಿಬಿಡುವುದು ಸುಲಭ, ಆದರೆ ಅದು ಸರಿಯಲ್ಲ. ಬೀಜದಿಂದ ಮರ, ಮರದಿಂದ ಬೀಜ ಎಂಬ ‘ಬೀಜಾಂಕುರ ನ್ಯಾಯ’ವನ್ನು ನಮ್ಮ ಹಿರಿಯರು ದೋಷವೆಂದು ಎಣಿಸಲಿಲ್ಲ. ಈ ಮರ ಈ ಬೀಜದಿಂದ ಬಂತು ಎಂದು ತಿಳಿಯಲು ಹಿಂದಿನ ಎಲ್ಲ ಮರಗಳ ಲೆಕ್ಕ ಬೇಕಿಲ್ಲ.

ಸಂತ ಅಕ್ವಿನಾಸರು ಕೂಡ ಇದೇ ರೀತಿ ಎರಡು ಬಗೆಯ ಸಾಲುಗಳನ್ನು ಬೇರೆ ಮಾಡಿದರು. ಮಗನಿಗೆ ತಂದೆ, ತಂದೆಗೆ ಅಜ್ಜ ಎಂಬುದು ಒಂದು ಬಗೆ. ಅಜ್ಜ ತೀರಿಕೊಂಡ ಮೇಲೂ ತಂದೆ ಮಗನನ್ನು ಪಡೆಯಬಲ್ಲ. ಕಮ್ಮಾರನ ಸುತ್ತಿಗೆ ಮುರಿದರೆ ಇನ್ನೊಂದು ಎತ್ತಿಕೊಳ್ಳುತ್ತಾನೆ, ಅದೂ ಮುರಿದರೆ ಮತ್ತೊಂದು. ಇಂಥ ಸಾಲು ಕೊನೆಯಿಲ್ಲದೆ ಹಿಂದಕ್ಕೆ ಹೋಗುವುದು ಅಸಾಧ್ಯವೇನಲ್ಲ ಎಂದು ಅವರು ಒಪ್ಪಿದರು. ಲೋಕಕ್ಕೆ ಆರಂಭವಿತ್ತು ಎಂಬುದನ್ನು ನಾವು ವಿಶ್ವಾಸದಿಂದ ತಿಳಿಯುತ್ತೇವೆಯೇ ಹೊರತು ಬರಿಯ ತರ್ಕದಿಂದ ಸಾಧಿಸಲಾಗದು ಎಂದೂ ಅವರು ಸ್ಪಷ್ಟವಾಗಿ ಬರೆದಿದ್ದಾರೆ. ಇದು ನಮ್ಮಲ್ಲಿ ಹಲವರಿಗೆ ಆಶ್ಚರ್ಯ ತರಬಹುದು.

ಎರಡನೆಯ ಬಗೆ ಬೇರೆ. ಕೈ ಕೋಲನ್ನು ತಳ್ಳುತ್ತದೆ, ಕೋಲು ಕಲ್ಲನ್ನು ತಳ್ಳುತ್ತದೆ. ಕೈ ನಿಂತರೆ ಆ ಕ್ಷಣವೇ ಕೋಲೂ ನಿಲ್ಲುತ್ತದೆ, ಕಲ್ಲೂ ನಿಲ್ಲುತ್ತದೆ. ನಮ್ಮ ಕೊಂಕಣ ರೈಲು ಹಳಿಯ ಮೇಲೆ ಸಾಗುವ ಗೂಡ್ಸ್ ಗಾಡಿಯನ್ನು ನೆನೆಯೋಣ. ಕೊನೆಯ ಡಬ್ಬಿಯನ್ನು ಅದರ ಮುಂದಿನ ಡಬ್ಬಿ ಎಳೆಯುತ್ತದೆ, ಅದನ್ನು ಅದರ ಮುಂದಿನದು. ಡಬ್ಬಿಗಳ ಸಂಖ್ಯೆಯನ್ನು ಎಷ್ಟು ಹೆಚ್ಚಿಸಿದರೂ, ಕೊನೆಯಿಲ್ಲದಷ್ಟು ಮಾಡಿದರೂ, ಎಂಜಿನ್ ಇಲ್ಲದೆ ಗಾಡಿ ಹೊರಡುವುದಿಲ್ಲ. ಎಳೆಯುವ ಶಕ್ತಿ ಯಾವ ಡಬ್ಬಿಗೂ ಸ್ವಂತದ್ದಲ್ಲ. ಎಲ್ಲವೂ ಎರವಲು ಪಡೆದದ್ದು. ಸಂತ ಅಕ್ವಿನಾಸರು ‘ಕೊನೆಯಿಲ್ಲದೆ ಹೋಗಲಾಗದು’ ಎಂದದ್ದು ಇಂಥ ಸಾಲಿನ ಬಗ್ಗೆ.

ದೇವರನ್ನು ಸೃಷ್ಟಿಸಿದ್ದು ಯಾರು?

ಈಗ ಹಿಂದಿನ ಬೆಂಚಿನ ಮಗುವಿನ ಬಳಿಗೆ ಮರಳೋಣ. ‘ಪ್ರತಿಯೊಂದಕ್ಕೂ ಒಂದು ಕಾರಣವಿದೆ, ಆದ್ದರಿಂದ ದೇವರಿದ್ದಾರೆ’ ಎಂದು ನಾವು ಕಲಿಸಿದರೆ ಮಗುವಿನ ಪ್ರಶ್ನೆ ಪೂರ್ತಿ ನ್ಯಾಯವಾದದ್ದು. ಪ್ರತಿಯೊಂದಕ್ಕೂ ಎಂದ ಮೇಲೆ ದೇವರಿಗೂ ಬೇಕಲ್ಲ! ಆದರೆ ಸಂತ ಅಕ್ವಿನಾಸರು ಹಾಗೆ ಹೇಳಲೇ ಇಲ್ಲ. ಚಲನೆಗಾಗಿ, ಇರುವಿಕೆಗಾಗಿ ಇನ್ನೊಂದನ್ನು ಅವಲಂಬಿಸಿದವುಗಳಿಗೆ ಕಾರಣ ಬೇಕು ಎಂದರು. ಎರವಲು ಪಡೆದವರ ಸಾಲಿನ ಹಿಂದೆ ಎರವಲು ಪಡೆಯದ ಒಂದು ಇರಬೇಕು. “ಎಂಜಿನನ್ನು ಎಳೆಯುವ ಡಬ್ಬಿ ಯಾವುದು?” ಎಂಬ ಪ್ರಶ್ನೆ ಹೇಗೋ ಹಾಗೆ ಇದು. (ನಿಜವಾದ ಎಂಜಿನಿಗೂ ಡೀಸೆಲ್ ಅಥವಾ ವಿದ್ಯುತ್ ಬೇಕು, ಉದಾಹರಣೆ ಅಷ್ಟು ದೂರ ಮಾತ್ರ ನಮ್ಮ ಜೊತೆ ಬರುತ್ತದೆ.)

ಈ ವಾದಕ್ಕೆ ಆಕ್ಷೇಪಗಳು ಇಲ್ಲವೆಂದಲ್ಲ. ಸಾಲಿನ ಪ್ರತಿಯೊಂದು ಕೊಂಡಿಯನ್ನೂ ವಿವರಿಸಿದ ಮೇಲೆ ಇಡೀ ಸಾಲಿಗೆ ಬೇರೆ ಕಾರಣ ಏಕೆ ಬೇಕು ಎಂಬ ಆಕ್ಷೇಪ 1779ರಲ್ಲಿ ಪ್ರಕಟವಾದ ಡೇವಿಡ್ ಹ್ಯೂಮರ ಕೃತಿಯಲ್ಲಿದೆ. ಆ ಮೊದಲ ಕಾರಣವೇ ನಾವು ಪ್ರಾರ್ಥಿಸುವ ತಂದೆ ಎಂದು ಹೇಳಲು ಇನ್ನೂ ಹಲವು ಹೆಜ್ಜೆಗಳು ಬೇಕು. ಸಂತ ಅಕ್ವಿನಾಸರಿಗೂ ಇದು ಗೊತ್ತಿತ್ತು. ಆದ್ದರಿಂದಲೇ ಅವರ ಗ್ರಂಥ ಆ ಐದು ವಾದಗಳಿಗೆ ನಿಲ್ಲದೆ ಮುಂದುವರಿಯುತ್ತದೆ. ಇವನ್ನು ಯುವಜನರಿಂದ ಮುಚ್ಚಿಡುವುದು ಬೇಡ.

ಹಾಗಾದರೆ ಏನನ್ನೂ ನಂಬಬಹುದೇ?

ಕೆಲವರು ಇನ್ನೊಂದು ತುದಿಗೆ ಹೋಗುತ್ತಾರೆ. “ಎಲ್ಲರ ಆಧಾರವೂ ಎಲ್ಲೋ ಒಂದು ಕಡೆ ನಿಲ್ಲಲೇಬೇಕಲ್ಲ, ನನ್ನದು ಇಲ್ಲೇ ನಿಲ್ಲುತ್ತದೆ, ಪ್ರಶ್ನಿಸಬೇಡಿ” ಎನ್ನುತ್ತಾರೆ. ಇದು ಅಪಾಯಕರ. ಹೀಗೆ ಹೇಳಿದರೆ ವಾಟ್ಸಾಪಿನಲ್ಲಿ ಬಂದ ಸುಳ್ಳು ಸುದ್ದಿಗೂ ಧರ್ಮಸಭೆಯ ವಿಶ್ವಾಸಕ್ಕೂ ವ್ಯತ್ಯಾಸವೇ ಉಳಿಯುವುದಿಲ್ಲ. ವಿವೇಚನೆಯನ್ನು ಬಿಟ್ಟ ವಿಶ್ವಾಸವನ್ನು ಧರ್ಮಸಭೆ ಒಪ್ಪುವುದಿಲ್ಲ. 1870ರಲ್ಲಿ ಮೊದಲ ವ್ಯಾಟಿಕನ್ ಮಹಾಸಭೆ ಇದನ್ನು ಸ್ಪಷ್ಟಪಡಿಸಿತು. 1998ರಲ್ಲಿ ಪೋಪ್ ಎರಡನೇ ಜಾನ್ ಪಾಲ್‌ರವರು ವಿಶ್ವಾಸ ಮತ್ತು ವಿವೇಚನೆಯ ಬಗ್ಗೆಯೇ ಒಂದು ವಿಶ್ವಪತ್ರವನ್ನು ಹೊರಡಿಸಿದರು.

ಹಾಗೆಯೇ ‘ಬೈಬಲ್ ಸತ್ಯ, ಏಕೆಂದರೆ ಧರ್ಮಸಭೆ ಹೇಳುತ್ತದೆ, ಧರ್ಮಸಭೆಯ ಮಾತು ಸತ್ಯ, ಏಕೆಂದರೆ ಬೈಬಲಿನಲ್ಲಿದೆ’ ಎಂಬ ಉತ್ತರವನ್ನೂ ನಾವು ಕೊಡಬಾರದು. ಅದು ಅನ್ಯೋನ್ಯಾಶ್ರಯ. ಬುದ್ಧಿವಂತ ಮಕ್ಕಳು ಅದನ್ನು ಕೂಡಲೇ ಹಿಡಿಯುತ್ತಾರೆ. ಶುಭಸಂದೇಶಗಳನ್ನು ಮೊದಲು ಆ ಕಾಲದ ಬರಹಗಳೆಂದು ಓದಿ, ಅವುಗಳ ಸಾಕ್ಷ್ಯವನ್ನು ತೂಗಿ ನೋಡಿ, ಅಲ್ಲಿಂದ ಮುಂದೆ ಸಾಗುವ ದಾರಿ ಇದೆ. ಅದು ಸುತ್ತು ದಾರಿಯಲ್ಲ.

ಇಲ್ಲಿ ಕಾರ್ಡಿನಲ್ ನ್ಯೂಮನ್ ನಮಗೆ ನೆರವಾಗುತ್ತಾರೆ. 2019ರಲ್ಲಿ ಸಂತ ಪದವಿಗೇರಿದ ಇವರು 1870ರ ತಮ್ಮ ಕೃತಿಯಲ್ಲಿ, ಮನುಷ್ಯನು ದೊಡ್ಡ ವಿಷಯಗಳನ್ನು ಒಂದೇ ಒಂದು ಸಾಧನೆಯಿಂದ ಒಪ್ಪುವುದಿಲ್ಲ, ಬೇರೆ ಬೇರೆ ಕಡೆಯಿಂದ ಬಂದು ಸೇರುವ ಹಲವು ಕಾರಣಗಳಿಂದ ಒಪ್ಪುತ್ತಾನೆ ಎಂದು ತೋರಿಸಿದರು. ನಮ್ಮ ಮನೆಯ ತೆಂಗಿನ ನಾರಿನ ಹಗ್ಗವನ್ನು ನೋಡಿ. ಒಂದೊಂದು ಎಳೆಯನ್ನು ಮಗುವೂ ಹರಿಯಬಲ್ಲದು. ಹೊಸೆದ ಹಗ್ಗ ದೋಣಿಯನ್ನು ಕಟ್ಟಿ ನಿಲ್ಲಿಸುತ್ತದೆ. ತಾಯಿ ನಮ್ಮನ್ನು ಪ್ರೀತಿಸುತ್ತಾಳೆ ಎಂಬುದಕ್ಕೆ ನಾವು ಯಾವ ಒಂದು ಪುರಾವೆ ಕೊಟ್ಟೇವು? ಆದರೂ ಅದು ಆಧಾರವಿಲ್ಲದ ನಂಬಿಕೆಯಲ್ಲ.

ನಾವು ಏನು ಮಾಡಬಹುದು?

ಧರ್ಮಶಿಕ್ಷಣದ ಶಿಕ್ಷಕರು, ವಾಳೆಯ ಗುರಿಕಾರರು, ಯುವಜನರ ಸಚೇತಕರು, ಎಲ್ಲಕ್ಕಿಂತ ಮೊದಲು ತಂದೆತಾಯಂದಿರು ಮೂರು ಸಣ್ಣ ಕೆಲಸಗಳನ್ನು ಮಾಡಬಹುದು. ಮೊದಲನೆಯದಾಗಿ, ಪ್ರಶ್ನೆ ಕೇಳಿದ ಮಗುವನ್ನು ಎಲ್ಲರ ಮುಂದೆ ಹೊಗಳೋಣ. ಎರಡನೆಯದಾಗಿ, ಪ್ರಶ್ನೆ ಯಾವ ಬಗೆಯದು ಎಂದು ಗುರುತಿಸೋಣ. ಕಾರಣ ಕೇಳುತ್ತಿದ್ದಾನೆಯೇ, ಆಧಾರ ಕೇಳುತ್ತಿದ್ದಾನೆಯೇ, ಅಥವಾ ಮನೆಯಲ್ಲಿ ಯಾವುದೋ ನೋವಾಗಿ ‘ಏಕೆ’ ಎನ್ನುತ್ತಿದ್ದಾನೆಯೇ? ಮೂರನೆಯದಕ್ಕೆ ತರ್ಕ ಉತ್ತರವಲ್ಲ, ಪಕ್ಕದಲ್ಲಿ ಕುಳಿತುಕೊಳ್ಳುವುದೇ ಉತ್ತರ. ಮೂರನೆಯದಾಗಿ, ತಿಳಿಯದಿದ್ದರೆ “ಮುಂದಿನ ವಾರ ಓದಿಕೊಂಡು ಬಂದು ಹೇಳುತ್ತೇನೆ” ಎನ್ನೋಣ, ಮತ್ತು ಮುಂದಿನ ವಾರ ಮರೆಯದೆ ಹೇಳೋಣ. ಜೆಪ್ಪುವಿನ ಸೆಮಿನರಿಯಲ್ಲಿ ಭಾವೀ ಗುರುಗಳು ದೈವಶಾಸ್ತ್ರಕ್ಕೆ ಮೊದಲು ತತ್ವಶಾಸ್ತ್ರ ಓದುತ್ತಾರೆ. ಆದ್ದರಿಂದ ನಮ್ಮ ಧರ್ಮಗುರುಗಳನ್ನು ಕೇಳಲು ಸಂಕೋಚ ಬೇಡ.

ಜ್ಞಾನಸ್ನಾನದ ಪತ್ರದ ಸಾಲು ಕೊನೆಗೆ ಕಣ್ಣಾರೆ ಕಂಡವರ ಬಳಿ ನಿಂತಿತು. ನಮ್ಮ ಮಕ್ಕಳ ವಿಶ್ವಾಸದ ಸಾಲೂ ಹಲವು ಬಾರಿ ಹಾಗೆಯೇ ಒಬ್ಬ ವ್ಯಕ್ತಿಯ ಬಳಿ ಬಂದು ನಿಲ್ಲುತ್ತದೆ: ಅಜ್ಜಿ, ಅಮ್ಮ, ಅಥವಾ ಒಬ್ಬ ಟೀಚರ್. ಹಿಂದಿನ ಬೆಂಚಿನಿಂದ ಕೈ ಮೇಲೆದ್ದಾಗ ಆ ವ್ಯಕ್ತಿ ಗದರಿಸಿದರೋ, ಕುಳಿತು ಮಾತನಾಡಿದರೋ ಎಂಬುದನ್ನು ಮಗು ಉತ್ತರಕ್ಕಿಂತ ಹೆಚ್ಚು ಕಾಲ ನೆನಪಿಟ್ಟುಕೊಳ್ಳುತ್ತದೆ.